ಮದುವೆಯ ಬೆಳಗ್ಗೆ ಅಲಂಕಾರಕ್ಕೆ ಕೂರುವ ಗೆಳತಿಯರಿಗೆ ಎಂಥ ಉಡುಪನ್ನು ಉಡುಗೊರೆ ಕೊಡಬೇಕು?

ತುಂಗಾತೀರ (ಶಿವಮೊಗ್ಗ) ಕೇಳಿದ್ದು:

ಎಲ್ಲರಿಗೂ ನಮಸ್ಕಾರ. ತುಳಸಿ ಹಬ್ಬ ಕಳೆದ ಮೇಲೆ ಶಿವಮೊಗ್ಗದ ಒಂದು ಛತ್ರದಲ್ಲಿ ನನ್ನ ಮದುವೆ ನಿಶ್ಚಯವಾಗಿದೆ. ಧಾರೆ ಮುಹೂರ್ತ ಬೆಳಿಗ್ಗೆ ಏಳೂವರೆಗೆ ಇರುವುದರಿಂದ, ನನ್ನೊಂದಿಗೆ ಇರುವ ಆರು ಮಂದಿ ಹುಡುಗಿಯರು ನಸುಕಿನ ನಾಲ್ಕು ಗಂಟೆಗೆಲ್ಲ ಸ್ನಾನ ಮುಗಿಸಿ, ವಧುವಿನ ಕೋಣೆಯಲ್ಲಿ ಸರದಿಯಂತೆ ಜಡೆಗೂ ಮೇಕಪ್ಪಿಗೂ ಕೂರಬೇಕಾಗುತ್ತದೆ. ಆ ಹೊತ್ತಿನಲ್ಲಿ ಧರಿಸಲು ಎಲ್ಲರಿಗೂ ಒಂದೇ ಬಗೆಯ ಉಡುಪನ್ನು ನನ್ನ ಕಡೆಯಿಂದ ಉಡುಗೊರೆಯಾಗಿ ಕೊಡಬೇಕೆಂಬುದು ನನ್ನ ಬಹಳ ದಿನಗಳ ಆಸೆ. ಸೀರೆಯನ್ನು ಹೇಗೂ ಅಮ್ಮ ಎಲ್ಲರಿಗೂ ಕೊಡಿಸುತ್ತಿದ್ದಾರೆ. ಇದು ಅದರ ಹೊರತಾಗಿ, ನನ್ನ ಸಂಬಳದ ಹಣದಲ್ಲಿ ನಾನೇ ಆರಿಸಿ ಕೊಡುವಂಥದ್ದು.

ಆನ್‌ಲೈನ್ ಅಂಗಡಿಗಳಲ್ಲಿ ಹುಡುಕಿದರೆ ಎಲ್ಲೆಡೆ ಸಿಗುವುದು ಮೊಣಕಾಲಿಗಿಂತ ಮೇಲೆ ನಿಲ್ಲುವ, ಮಿರಮಿರ ಮಿನುಗುವ ಸ್ಯಾಟಿನ್ ರೋಬ್, ಅಂದರೆ ಮುಂದೆ ತೆರೆದು ನಡುವಿಗೆ ಪಟ್ಟಿ ಕಟ್ಟುವ ನಿಲುವಂಗಿ. ಗೆಳತಿಯರಿಗೆಲ್ಲ ತಿಳಿಗುಲಾಬಿ, ಮದುಮಗಳಿಗೆ ಬಿಳಿ, ಬೆನ್ನ ಮೇಲೆ ದೊಡ್ಡ ಇಂಗ್ಲಿಷ್ ಅಕ್ಷರಗಳು. ಫೋಟೊದಲ್ಲಿ ಅದು ಚೆನ್ನಾಗಿ ಕಾಣುತ್ತದೆ ಎಂಬುದನ್ನು ನಾನು ಒಪ್ಪುತ್ತೇನೆ. ಆದರೆ ಛತ್ರದಲ್ಲಿ ಕೋಣೆಯ ಬಾಗಿಲು ತೆರೆದರೆ ಎದುರಿಗೇ ದೊಡ್ಡಪ್ಪಂದಿರು ಕಾಫಿ ಕುಡಿಯುತ್ತಾ ಕುಳಿತಿರುತ್ತಾರೆ, ಅಂಥ ಉಡುಪಿನಲ್ಲಿ ಹುಡುಗಿಯರು ಒಂದು ಲೋಟ ನೀರಿಗೂ ಹೊರಗೆ ಬರಲಾರರು ಎಂದು ಅಮ್ಮ ಹೇಳುತ್ತಾರೆ. ಅವರ ಮಾತಿನಲ್ಲಿ ಹುರುಳಿದೆ ಎಂದು ನನಗೂ ಅನ್ನಿಸಿದೆ.

ಈ ಆರು ಮಂದಿಯ ವಿಚಾರವನ್ನೂ ಸ್ವಲ್ಪ ಹೇಳಬೇಕು. ಕಳಸಗಿತ್ತಿಯಾಗಿ ನಿಲ್ಲುವವಳು ನನ್ನ ಚಿಕ್ಕಪ್ಪನ ಮಗಳು, ಇನ್ನೂ ಪಿಯುಸಿ ಓದುತ್ತಿದ್ದಾಳೆ. ಕಾಲೇಜಿನ ಗೆಳತಿಯರಲ್ಲಿ ಒಬ್ಬಳು ಬಾಣಂತನ ಮುಗಿಸಿ ಕೈಗೂಸಿನೊಂದಿಗೆ ಬರುವವಳು. ಇನ್ನೊಬ್ಬಳು ಹಿಜಾಬ್ ಧರಿಸುವವಳು. ಮೈ ಮುಚ್ಚುವ ಉದ್ದನೆಯ ಉಡುಪಲ್ಲದೆ ಬೇರೆಯದನ್ನು ಅವಳಿಗೆ ಕೊಡುವುದು ಸಲ್ಲದು. ಮತ್ತೊಬ್ಬಳಿಗೆ ತನ್ನ ದೇಹದ ಅಳತೆಯನ್ನು ಯಾರೊಂದಿಗೂ ಹಂಚಿಕೊಳ್ಳಲು ಇಷ್ಟವಿಲ್ಲ. ಇಷ್ಟು ಭಿನ್ನವಾಗಿರುವವರಿಗೆ ಒಂದೇ ಉಡುಪು ಹೊಂದುವಂತೆ ಆರಿಸಲು ಸಾಧ್ಯವೇ? ಬಟ್ಟೆ ಯಾವುದಿರಬೇಕು, ಕತ್ತರಿಕೆ ಹೇಗಿರಬೇಕು, ಸಿದ್ಧ ಉಡುಪು ಕೊಳ್ಳುವುದೋ ಹೊಲಿಸುವುದೋ? ಒಬ್ಬೊಬ್ಬರಿಗೆ 1500 ರಿಂದ 2000 ರೂಪಾಯಿಯವರೆಗೆ ಖರ್ಚು ಮಾಡಬಲ್ಲೆ. ಬಲ್ಲವರು ದಯವಿಟ್ಟು ವಿವರವಾಗಿ ತಿಳಿಸಬೇಕೆಂದು ಕೋರುತ್ತೇನೆ.

ಸೆರಗು_ನೆರಿಗೆ (ಮೈಸೂರು) ಬರೆದದ್ದು:

ತುಂಗಾತೀರ ಅವರೇ, ಮೊದಲಿಗೆ ಶುಭಾಶಯಗಳು. ಮದುಮಗಳಿಗೆ ಅಲಂಕಾರ ಮಾಡಿ ಸೀರೆ ಉಡಿಸುವುದು ನನ್ನ ಕಸುಬು. ಆದ್ದರಿಂದ ಈ ಉಡುಪನ್ನು ನಾನು ಫೋಟೊದ ಕಡೆಯಿಂದಲ್ಲ, ಕುರ್ಚಿಯ ಹಿಂದೆ ನಿಂತು ಕೆಲಸ ಮಾಡುವವಳ ಕಡೆಯಿಂದ ನೋಡುತ್ತೇನೆ.

ನಮ್ಮ ಮದುವೆಗಳಲ್ಲಿ ಕೆಲಸ ಸಾಗುವ ಕ್ರಮ ಹೀಗಿರುತ್ತದೆ. ಸ್ನಾನವಾದ ಕೂಡಲೇ ಹುಡುಗಿಯರು ರವಿಕೆ ಮತ್ತು ಲಂಗವನ್ನು ಹಾಕಿಕೊಂಡುಬಿಡಬೇಕು, ಏಕೆಂದರೆ ಜಡೆ ಹೆಣೆದು ಮುಖಕ್ಕೆ ಬಣ್ಣ ಹಚ್ಚಿದ ಮೇಲೆ ತಲೆಯ ಮೂಲಕ ಯಾವುದನ್ನೂ ಹಾಕಿ ತೆಗೆಯುವಂತಿಲ್ಲ. ಅದರ ಮೇಲೆ ನೀವು ಕೊಡುವ ಉಡುಪು, ಆಮೇಲೆ ಜಡೆ, ಆಮೇಲೆ ಮೇಕಪ್, ಕೊನೆಗೆ ಅದನ್ನು ಕಳಚಿ ಸೀರೆ, ಒಡವೆ, ಹೂವು. ಅಂದರೆ ನಿಮ್ಮ ಉಡುಗೊರೆ ಬರಿಮೈಯ ಮೇಲಲ್ಲ, ರವಿಕೆಯ ಮೇಲೆ ಕೂರಬೇಕಾದದ್ದು. ಈ ಒಂದು ಸಂಗತಿಯನ್ನು ಮನಸ್ಸಿನಲ್ಲಿ ಇಟ್ಟುಕೊಂಡರೆ ಉಳಿದ ಬಹುಪಾಲು ಪ್ರಶ್ನೆಗಳಿಗೆ ಉತ್ತರ ತಾನಾಗಿ ದೊರೆಯುತ್ತದೆ. ಮುಂದೆ ಪೂರ್ತಿ ತೆರೆಯುವಂತಿರಬೇಕು. ಅಂಗಿಯಂತೆ ಗುಂಡಿ ಇರಲಿ, ಪಕ್ಕದಲ್ಲಿ ಕಟ್ಟುವ ಲಾಡಿ ಇರಲಿ, ಎರಡೂ ಆದೀತು. ತಲೆಯಿಂದ ಹಾಕುವ ಕಫ್ತಾನ್, ಟೀ ಶರ್ಟ್, ಸಾಮಾನ್ಯ ಕುರ್ತಾ ಇವುಗಳನ್ನೆಲ್ಲ ಮೊದಲೇ ಬದಿಗಿಡಿ.

ತೋಳಿನ ವಿಚಾರವನ್ನು ಬಹಳ ಜನ ಮರೆಯುತ್ತಾರೆ. ಈಗ ಹುಡುಗಿಯರ ರವಿಕೆಯ ತೋಳಿನ ಮೇಲೆ ಆರಿ ವರ್ಕ್, ಅಂದರೆ ಮಣಿ ಮತ್ತು ಜರಿಯ ಕಸೂತಿ, ಇರುವುದು ಸಾಮಾನ್ಯವಾಗಿದೆ. ಅದರ ಮೇಲೆ ಬಿಗಿಯಾದ ತೋಳು ಬಂದರೆ ಮಣಿಗಳು ಉದುರುತ್ತವೆ, ಇಲ್ಲವೇ ಒಳಗಿನ ಜರಿ ಮೇಲಿನ ಬಟ್ಟೆಯ ದಾರವನ್ನು ಎಳೆದುಬಿಡುತ್ತದೆ. ಇದಲ್ಲದೆ ಹಿಂದಿನ ದಿನವೇ ಬಳೆ ಶಾಸ್ತ್ರವಾಗಿರುತ್ತದೆ. ಕೈತುಂಬ ಗಾಜಿನ ಬಳೆ ತೊಟ್ಟವಳು ಆ ಉಡುಪನ್ನು ಕಳಚುವಾಗ ತೋಳಿನ ತುದಿ ಬಳೆಗಳನ್ನು ದಾಟಿ ಸರಾಗವಾಗಿ ಬರಬೇಕು. ತೋಳಿನ ತುದಿಯ ಸುತ್ತಳತೆ 14 ಅಂಗುಲಕ್ಕೆ ಕಡಿಮೆ ಇರಬಾರದು ಎಂದು ನಾನು ಹೇಳುತ್ತಿರುತ್ತೇನೆ. ಮೊಣಕೈಯಿಂದ ಸ್ವಲ್ಪ ಕೆಳಗೆ ನಿಲ್ಲುವ ಅಗಲವಾದ ತೋಳು ಎಲ್ಲರಿಗೂ ಒಪ್ಪುತ್ತದೆ, ಮೆಹಂದಿಯೂ ಕಾಣುತ್ತದೆ. ಹಿಜಾಬ್ ಧರಿಸುವ ನಿಮ್ಮ ಗೆಳತಿಗೆ ಮಾತ್ರ ಅದೇ ಬಟ್ಟೆಯಲ್ಲಿ ಮಣಿಕಟ್ಟಿನವರೆಗೂ ತೋಳನ್ನು ಇಳಿಸಿ ಹೊಲಿಸಿದರೆ, ಏಕರೂಪತೆಗೆ ಯಾವ ಧಕ್ಕೆಯೂ ಬಾರದು.

ಸ್ಯಾಟಿನ್ ಬಗ್ಗೆ ಎರಡು ಮಾತು ಹೇಳಲೇಬೇಕು. ಸ್ಯಾಟಿನ್ ಎಂಬುದು ನೇಯ್ಗೆಯ ಬಗೆಯೇ ಹೊರತು ನೂಲಿನ ಹೆಸರಲ್ಲ. ಅದೇ ನೇಯ್ಗೆಯನ್ನು ರೇಷ್ಮೆಯಲ್ಲೂ ಮಾಡುತ್ತಾರೆ, ಪಾಲಿಯೆಸ್ಟರ್‌ನಲ್ಲೂ ಮಾಡುತ್ತಾರೆ. ನಿಮ್ಮ ಬೆಲೆಗೆ ದೊರೆಯುವುದೆಲ್ಲ ಪಾಲಿಯೆಸ್ಟರ್. ಅದು ಬೆವರನ್ನು ಹೀರುವುದಿಲ್ಲ. ಕಾರ್ತಿಕದ ನಸುಕು ಹೊರಗೆ ಚಳಿಯಾಗಿದ್ದರೂ ಒಳಗೆ ಕನ್ನಡಿಯ ಸುತ್ತ ದೀಪಗಳು, ಕ್ಯಾಮೆರಾದವರ ದೀಪ, ಹತ್ತು ಹದಿನೈದು ಜನ, ಜೊತೆಗೆ ಕೂದಲು ಹಾರದಿರಲಿ ಎಂದು ನಿಲ್ಲಿಸಿದ ಫ್ಯಾನು. ಹತ್ತು ನಿಮಿಷದಲ್ಲಿ ಕುತ್ತಿಗೆ ಬೆವರಿ ಹಚ್ಚಿದ ಬಣ್ಣ ಗೆರೆಗೆರೆಯಾಗಿ ಇಳಿಯತೊಡಗುತ್ತದೆ. ಕೂದಲನ್ನು ಸುರುಳಿ ಮಾಡುವ ಬಿಸಿ ಸಲಾಕೆ 200 ಡಿಗ್ರಿ ಸೆಲ್ಸಿಯಸ್ ದಾಟುವುದುಂಟು. ಪಾಲಿಯೆಸ್ಟರ್ ಪೂರ್ತಿ ಕರಗುವುದು 250 ರಿಂದ 260 ಡಿಗ್ರಿಯಲ್ಲಾದರೂ ಅದಕ್ಕೆ ಮುಂಚೆಯೇ ಮೆತ್ತಗಾಗಿ ಮುದುಡುತ್ತದೆ. ಉರಿ ತಾಗಿದರಂತೂ ಕರಗಿ ಚರ್ಮಕ್ಕೆ ಅಂಟಿಕೊಳ್ಳುತ್ತದೆ. ಹೇರ್ ಸ್ಪ್ರೇ ಸುಲಭವಾಗಿ ಹೊತ್ತಿಕೊಳ್ಳುವ ವಸ್ತು. ಅಂಥ ಕೋಣೆಯಲ್ಲಿ ಆರತಿ ತಟ್ಟೆಯನ್ನೂ ಹಚ್ಚಿದ ದೀಪವನ್ನೂ ತಂದಿಡುವುದನ್ನು ನಾನು ಹಲವು ಛತ್ರಗಳಲ್ಲಿ ತಡೆದಿದ್ದೇನೆ. ಹತ್ತಿಯೂ ಉರಿಯುತ್ತದೆ, ನಿಜ, ಆದರೆ ಕರಗಿ ಅಂಟುವುದಿಲ್ಲ. ದೀಪವನ್ನು ಕೋಣೆಯ ಹೊರಗಿಡಲು ಯಾರಾದರೂ ಹಿರಿಯರಿಗೆ ಮೊದಲೇ ಹೇಳಿಡಿ.

ನುಣುಪಾದ ರೋಬಿಗೆ ಮತ್ತೊಂದು ತೊಂದರೆ ಇದೆ. ಕುಳಿತಾಗ ಅದರ ಮುಂಭಾಗ ಜಾರಿ ತೆರೆದುಕೊಳ್ಳುತ್ತದೆ, ಪಟ್ಟಿ ಸಡಿಲವಾಗುತ್ತದೆ, ಹುಡುಗಿ ಒಂದು ಕೈಯಿಂದ ಅದನ್ನು ಹಿಡಿದುಕೊಂಡೇ ಕೂರುತ್ತಾಳೆ. ಮುಖ ಎತ್ತಿ ಕಣ್ಣು ಮುಚ್ಚಿ ನೆಮ್ಮದಿಯಿಂದ ಕೂರಬೇಕಾದ ಹೊತ್ತಿನಲ್ಲಿ ಅವಳ ಗಮನವೆಲ್ಲ ಮೊಣಕಾಲಿನ ಮೇಲಿರುತ್ತದೆ.

ಬಣ್ಣ ಆರಿಸುವಾಗ ಅರಿಶಿನ, ಕುಂಕುಮ, ಫೌಂಡೇಶನ್ ಮೂರನ್ನೂ ಲೆಕ್ಕಕ್ಕೆ ತೆಗೆದುಕೊಳ್ಳಿ. ಅರಿಶಿನದ ಕಲೆಗೆ ಸೋಪು ಹಾಕಿದರೆ ಅದು ಕೆಂಪಾಗುವುದನ್ನು ನೀವೂ ನೋಡಿರಬಹುದು. ಸೋಪಿನ ಕ್ಷಾರಕ್ಕೆ ಅದರ ಬಣ್ಣ ತಿರುಗುವುದೇ ಕಾರಣ, ಚೆನ್ನಾಗಿ ಜಾಲಿಸಿ ಬಿಸಿಲಿಗೆ ಹಾಕಿದರೆ ಕಲೆ ಮಾಸುತ್ತಾ ಬರುತ್ತದೆ. ಕುಂಕುಮ ಮತ್ತು ಫೌಂಡೇಶನ್ ಅಷ್ಟು ಸುಲಭವಾಗಿ ಬಿಡುವುದಿಲ್ಲ. ಹಾಗಾಗಿ ತೀರಾ ತಿಳಿಬಣ್ಣ ಬೇಡ. ಕಣ್ಣು ಕುಕ್ಕುವ ರಾಣಿ ಬಣ್ಣ, ಗಿಳಿಹಸಿರು ಇವೂ ಬೇಡ, ಏಕೆಂದರೆ ಅವುಗಳ ಛಾಯೆ ಗದ್ದದ ಕೆಳಭಾಗಕ್ಕೆ ಬಿದ್ದು, ನಾನು ಹಚ್ಚುವ ಬಣ್ಣ ಚರ್ಮಕ್ಕೆ ಹೊಂದಿದೆಯೋ ಇಲ್ಲವೋ ಎಂದು ನನಗೇ ತಿಳಿಯದಂತೆ ಮಾಡುತ್ತವೆ. ಫೋಟೊದಲ್ಲೂ ಅದು ಕಾಣುತ್ತದೆ. ಮಾವಿನ ಚಿಗುರಿನ ಬಣ್ಣ, ಮಾಸಲು ನೇರಳೆ, ಇಟ್ಟಿಗೆ ಬಣ್ಣ ಇಂಥವು, ಹೊಳಪಿಲ್ಲದ ಬಟ್ಟೆಯಲ್ಲಿ, ಎಲ್ಲರ ಮೈಬಣ್ಣಕ್ಕೂ ಒಪ್ಪುತ್ತವೆ.

ಹೇಮಾವತಿ_ದಂಡೆ (ಹಾಸನ) ಬರೆದದ್ದು:

ನಾನು ಬೇರೆ ಮಾತು ಹೇಳುತ್ತೇನೆ, ಅನ್ಯಥಾ ಭಾವಿಸಬೇಡಿ. ಆಪ್ತ ಗೆಳತಿಯ ಮದುವೆಗೆ ಬರುವ ಹುಡುಗಿಗೆ ನಿಜವಾಗಿ ಹೊರೆಯಾಗುವ ಖರ್ಚು ಯಾವುದೆಂದು ಯೋಚಿಸಿ. ಸೀರೆಯನ್ನು ನಿಮ್ಮ ತಾಯಿಯವರು ಕೊಡಿಸುತ್ತಾರೆ, ಸರಿ. ಅದಕ್ಕೆ ಫಾಲ್ಸ್ ಹಾಕಿಸಿ, ಕುಚ್ಚು ಕಟ್ಟಿಸಿ, ರವಿಕೆ ಹೊಲಿಸುವ ಖರ್ಚು ಅವಳದೇ. ಊರಿನಿಂದ ಬಂದು ಹೋಗುವ ಖರ್ಚು ಅವಳದು, ಮೇಕಪ್ ಮಾಡುವವರಿಗೆ ತನ್ನ ಪಾಲಿನ ಹಣ ಕೊಡಬೇಕಾಗಿ ಬಂದರೆ ಅದೂ ಅವಳದು. ಮೂರು ಗಂಟೆ ಧರಿಸುವ ಉಡುಪಿಗೆ ಆರು ಮಂದಿಯದೂ ಸೇರಿ ಹನ್ನೆರಡು ಸಾವಿರ ರೂಪಾಯಿ ಹಾಕುವ ಬದಲು, ಮೇಕಪ್ ಮಾಡುವವರ ಹಣವನ್ನು ಪೂರ್ತಿಯಾಗಿ ನೀವೇ ಕೊಟ್ಟರೆ ಅವರು ನಿಮ್ಮನ್ನು ಹೆಚ್ಚು ನೆನೆಯುತ್ತಾರೆ. ಕೊಡಲೇಬೇಕೆಂದಿದ್ದರೆ, ಮರುದಿನದಿಂದ ಅವರು ಮನೆಯಲ್ಲಿ ದಿನವೂ ತೊಡಬಹುದಾದದ್ದನ್ನು ಮಾತ್ರ ಕೊಡಿ. ಬೆನ್ನ ಮೇಲೆ ಅಕ್ಷರ ಬರೆಸಿದ ಉಡುಪನ್ನು ಮದುವೆಯ ಮರುದಿನ ಯಾರು ತೊಡುತ್ತಾರೆ ಹೇಳಿ?

ಕಡಲ_ಮಗಳು (ಮಂಗಳೂರು) ಬರೆದದ್ದು:

ನಮ್ಮ ಮಂಗಳೂರಿನ ಕ್ಯಾಥೊಲಿಕ್ ಕುಟುಂಬಗಳಲ್ಲಿ ಮದುಮಗಳ ಜೊತೆ ಇಗರ್ಜಿಯಲ್ಲಿ ನಿಲ್ಲುವ ಸಂಗಾತಿಗಳ ಪದ್ಧತಿ ಹಿಂದಿನಿಂದಲೂ ಇರುವುದರಿಂದ, ಅವರಿಗೆ ಉಡುಪು ಕೊಡುವ ವಿಚಾರ ನಮಗೆ ಹೊಸದಲ್ಲ. ನನ್ನ ತಂಗಿಯ ಮದುವೆಯಲ್ಲಿ ನಾವು ಪಾಲಿಸಿದ ಒಂದು ನಿಯಮವನ್ನು ಹೇಳುತ್ತೇನೆ. ಮದುವೆಯ ಹಿಂದಿನ ದಿನ ರೋಸ್ ಶಾಸ್ತ್ರದಲ್ಲಿ ಮದುಮಗಳಿಗೆ ತೆಂಗಿನ ಹಾಲು ಮತ್ತು ಎಣ್ಣೆ ಹಚ್ಚುತ್ತಾರೆ. ಹಚ್ಚುವವರಿಗೂ ಸುತ್ತ ನಿಂತವರಿಗೂ ಅದು ಮೆತ್ತಿಕೊಳ್ಳುತ್ತದೆ. ಆ ದಿನದ ಉಡುಪು ಬೇರೆ, ಮರುದಿನ ಅಲಂಕಾರಕ್ಕೆ ಕೂರುವಾಗಿನ ಉಡುಪು ಬೇರೆ ಎಂದು ಸ್ಪಷ್ಟವಾಗಿ ಹೇಳಿ ಕೊಟ್ಟಿದ್ದೆವು. ನಿಮ್ಮಲ್ಲಿ ಅರಿಶಿನದ ಶಾಸ್ತ್ರಕ್ಕೂ ಇದೇ ಮಾತು ಅನ್ವಯಿಸುತ್ತದೆ. ಚೆಂದದ ಉಡುಪು ಕೈಗೆ ಬಂದರೆ ಹುಡುಗಿಯರು ಅದನ್ನು ಹಿಂದಿನ ಸಂಜೆಯೇ ಹಾಕಿಕೊಂಡುಬಿಡುತ್ತಾರೆ, ಬೆಳಿಗ್ಗೆಗೆ ಅದು ಅರಿಶಿನಮಯವಾಗಿರುತ್ತದೆ. ಆದ್ದರಿಂದ ಮದುವೆಯ ಹಿಂದಿನ ರಾತ್ರಿ, ಊಟವಾದ ಮೇಲೆ ಕೊಡುವುದು ಒಳ್ಳೆಯದು. ಅಳತೆ ಸರಿಯಾಗಿದೆಯೇ ಎಂದು ನೋಡಲು ಮಾತ್ರ ವಾರದ ಮುಂಚೆ ಒಮ್ಮೆ ತೊಡಿಸಿ, ವಾಪಸು ತೆಗೆದಿರಿಸಿಕೊಳ್ಳಿ.

ನಮ್ಮಲ್ಲಿ ಸಂಗಾತಿಗಳ ಗೌನಿಗೆ ಬೆನ್ನಿನಲ್ಲಿ ಜಿಪ್ ಇರುತ್ತದೆ, ಒಳಗೆ ರವಿಕೆಯಂಥದ್ದೇನೂ ಇರುವುದಿಲ್ಲ. ಹಾಗಾಗಿ ನಾವು ಕೊಟ್ಟದ್ದು ಮುಂದೆ ಗುಂಡಿಯಿರುವ ಹತ್ತಿಯ ಅಂಗಿ ಮತ್ತು ಪೈಜಾಮದ ಜೋಡಿ. ನಿಮ್ಮಲ್ಲಿ ಲಂಗ ಉಟ್ಟಿರುವುದರಿಂದ ಪೈಜಾಮ ಅನವಶ್ಯಕ, ಉದ್ದನೆಯ ನಿಲುವಂಗಿಯೇ ಸರಿ. ಸೀರೆ ಉಡಿಸುವ ಹೊತ್ತಿಗೆ ಪೈಜಾಮ ಕಳಚಲು ಜಾಗ ಎಲ್ಲಿದೆ?

ದಾರ_ಕತ್ತರಿ (ಧಾರವಾಡ) ಬರೆದದ್ದು:

ನಾನು ಹೆಣ್ಣುಮಕ್ಕಳ ಬಟ್ಟೆ ಹೊಲಿಯುವ ಸಣ್ಣ ಅಂಗಡಿ ನಡೆಸುತ್ತೇನೆ. ಮೈಸೂರಿನ ಅಕ್ಕನವರು ಹೇಳಿದ್ದನ್ನೆಲ್ಲ ಒಪ್ಪುತ್ತೇನೆ. ಹಾಸನದವರ ಮಾತಿನಲ್ಲಿ ಕೊನೆಯ ಭಾಗವನ್ನು ಪೂರ್ತಿ ಒಪ್ಪುತ್ತೇನೆ. ಹನ್ನೆರಡು ಸಾವಿರ ರೂಪಾಯಿ ಬೇಕಾಗಿಲ್ಲ. ಬಟ್ಟೆ ತಂದು ಹೊಲಿಸಿದರೆ ಅದಕ್ಕಿಂತ ಕಡಿಮೆಗೆ ಮುಗಿಯುತ್ತದೆ, ಉಳಿದದ್ದು ಮೇಕಪ್ಪಿನ ಖರ್ಚಿಗೆ ಆಗುತ್ತದೆ. ನಿಮ್ಮ ಆರು ಮಂದಿಯ ವಿವರ ಓದಿದ ಮೇಲೆ ಸಿದ್ಧ ಉಡುಪಿನ ಯೋಚನೆಯನ್ನೇ ಬಿಡುವುದು ಲೇಸೆಂದು ನನ್ನ ಅಭಿಪ್ರಾಯ, ಏಕೆಂದರೆ ಫ್ರೀ ಸೈಜ್ ಎಂದು ಮಾರುವ ರೋಬು ಸಣ್ಣಗಿರುವವಳಿಗೆ ಜೋಲುತ್ತದೆ, ದಪ್ಪಗಿರುವವಳಿಗೆ ಮುಂದೆ ಕೂಡುವುದೇ ಇಲ್ಲ. ಆ ಬೆಳಗ್ಗೆ ಐದು ಜನರಿಗೆ ಸರಿಯಾಗಿ ಒಬ್ಬಳಿಗೆ ಮಾತ್ರ ಸಾಲದೆ ಹೋದರೆ, ಅವಳ ಮನಸ್ಸಿಗೆ ಆಗುವ ನೋವನ್ನು ಯಾವ ಉಡುಗೊರೆಯೂ ತುಂಬಿಕೊಡಲಾರದು.

ಅಳತೆ ಕೇಳುವುದಕ್ಕೆ ನಯವಾದ ದಾರಿಯಿದೆ. ಮೈ ಅಳತೆ ಕೇಳಬೇಡಿ. ಆರು ಮಂದಿಗೂ, ಯಾರನ್ನೂ ಬೇರೆ ಮಾಡದೆ, ತಮಗೆ ಅತ್ಯಂತ ಹಿತವಾಗಿರುವ ಒಂದು ಸಡಿಲ ಕುರ್ತಾವನ್ನು ಕಳಿಸಿಕೊಡಲು ಹೇಳಿ. ದೂರದ ಊರಿನಲ್ಲಿರುವವರಾದರೆ ಅದನ್ನು ನೆಲದ ಮೇಲೆ ಚಪ್ಪಟೆಯಾಗಿ ಹರಡಿ, ಕಂಕುಳಿನಿಂದ ಕಂಕುಳಿಗೆ, ಹೆಗಲಿನಿಂದ ಹೆಗಲಿಗೆ, ಹೆಗಲಿನಿಂದ ಅಂಚಿಗೆ ಅಳೆದು, ನೇರವಾಗಿ ಹೊಲಿಯುವವರಿಗೇ ಕಳಿಸಲಿ. ನೀವು ಆ ಅಂಕಿಗಳನ್ನು ನೋಡುವ ಅಗತ್ಯವೇ ಇಲ್ಲ. ಅಳತೆ ಹೇಳಲು ಹಿಂಜರಿಯುವ ಗೆಳತಿಗೆ ಇದರಿಂದ ಮುಜುಗರವಾಗುವುದಿಲ್ಲ.

ಕತ್ತರಿಕೆಯಲ್ಲಿ ನನ್ನ ಒತ್ತಾಯ ಒಂದರ ಮೇಲಿದೆ. ಒಂದರ ಮೇಲೊಂದು ಬರುವ ಮುಂಭಾಗದ ಎರಡು ಪದರಗಳು ಕನಿಷ್ಠ 8 ರಿಂದ 10 ಅಂಗುಲ ಹೊದ್ದುಕೊಳ್ಳಬೇಕು. ಅಗ್ಗದ ಸಿದ್ಧ ರೋಬುಗಳಲ್ಲಿ ಬಟ್ಟೆ ಉಳಿಸಲು ಇಲ್ಲೇ ಕೈ ಬಿಗಿಹಿಡಿದಿರುತ್ತಾರೆ, ಕುಳಿತಾಗ ಅದು ತೆರೆದುಕೊಳ್ಳುವುದಕ್ಕೆ ಅದೇ ಕಾರಣ. ಒಳಬದಿಯಲ್ಲಿ ಒಂದು ಸಣ್ಣ ಲಾಡಿ, ಹೊರಗೆ ಒಂದು ಪಟ್ಟಿ. ಆ ಪಟ್ಟಿಯನ್ನು ಬೆನ್ನಿಗೆ ಹೊಲಿದು ಭದ್ರಪಡಿಸಬೇಕು, ಇಲ್ಲವಾದರೆ ಆರರಲ್ಲಿ ಎರಡು ಪಟ್ಟಿಗಳು ಮದುವೆಯ ಮನೆಯಲ್ಲಿ ಕಳೆದುಹೋಗುವುದು ಖಂಡಿತ. ಉದ್ದ ಮೀನಖಂಡದ ನಡುವಿನವರೆಗೆ ಇರಲಿ. ಕೆಳಗೆ ಲಂಗ ಇದ್ದೇ ಇರುತ್ತದೆ, ಹುಡುಗಿ ನಿಶ್ಚಿಂತೆಯಿಂದ ಹಜಾರಕ್ಕೆ ಬಂದು ಕಾಫಿ ತೆಗೆದುಕೊಂಡು ಹೋಗಬಹುದು. ಕತ್ತಿನ ಹಿಂಭಾಗದಲ್ಲಿ ಎತ್ತರದ ಕಾಲರ್ ಬೇಡ, ಜಡೆಗೆ ಹೂ ಮುಡಿಸುವಾಗ ಅಡ್ಡ ಬರುತ್ತದೆ. ಎರಡೂ ಕಡೆ ಆಳವಾದ ಜೇಬು ಇಡಿಸಿ. ಫೋನು, ಪಿನ್ನು, ಕ್ಲಿಪ್ಪು ಎಲ್ಲ ಅದರೊಳಗೆ ಇರುತ್ತವೆ. ಕೈಗೂಸಿನ ತಾಯಿಗೆ ಬೇರೇನೂ ಬದಲಾಯಿಸುವುದು ಬೇಡ. ಪಕ್ಕದಲ್ಲಿ ಕಟ್ಟುವ ಈ ಮಾದರಿ ಹಾಲೂಡಿಸಲು ತಾನಾಗಿಯೇ ಅನುಕೂಲವಾಗಿದೆ. ರವಿಕೆಗೆ ಮಾತ್ರ ಮುಂದೆ ಹುಕ್ಕು ಇಡಿಸಲು ಅವಳಿಗೆ ನೆನಪಿಸಿ.

ಈಗ ಬಟ್ಟೆ. 44 ಅಂಗುಲ ಅಗಲದ ಬಟ್ಟೆಯಾದರೆ ಒಂದು ನಿಲುವಂಗಿಗೆ ಸುಮಾರು ಮೂರೂಕಾಲು ಮೀಟರ್ ಬೇಕು, ದೊಡ್ಡ ಅಳತೆಗೆ ಮೂರೂಮುಕ್ಕಾಲು. ಆರಕ್ಕೂ ಸೇರಿ 21 ಮೀಟರ್ ಹಿಡಿಯಿರಿ, ನಿಮ್ಮದೂ ಸೇರಿದರೆ 25. ಎಲ್ಲವನ್ನೂ ಒಂದೇ ಸಲ, ಒಂದೇ ಬಾರಿಗೆ ಬಣ್ಣ ಹಾಕಿದ ಥಾನಿನಿಂದ ಕತ್ತರಿಸಿ ತನ್ನಿ. ಸಾಲದೆ ಬಂದು ಆಮೇಲೆ ಅದೇ ಬಣ್ಣ ಎಂದು ತಂದದ್ದು ಪಕ್ಕದಲ್ಲಿ ಹಿಡಿದಾಗ ಬೇರೆಯಾಗಿ ಕಾಣುತ್ತದೆ. ಕೈಮಗ್ಗದ ಬಟ್ಟೆಯಲ್ಲಿ ಇದು ಇನ್ನೂ ಹೆಚ್ಚು. ಮಲ್‌ಮಲ್ ಎಂಬ ತೆಳು ಹತ್ತಿಬಟ್ಟೆ ಬಹಳ ಮೃದು, ಆದರೆ ತಿಳಿಬಣ್ಣದಲ್ಲಿ ಒಳಗಿನದೆಲ್ಲ ಕಾಣುತ್ತದೆ. ರೇಯಾನ್ ಒಗೆದರೆ ಕುಗ್ಗುತ್ತದೆ, ಒದ್ದೆಯಾದಾಗ ಬಲ ಕಳೆದುಕೊಳ್ಳುತ್ತದೆ. ಒತ್ತಾಗಿ ನೇಯ್ದ ಕೇಂಬ್ರಿಕ್ ಹತ್ತಿ ಅಥವಾ ಅದರಷ್ಟೇ ದಪ್ಪದ ಕೈಮಗ್ಗದ ಹತ್ತಿಬಟ್ಟೆ ಇದಕ್ಕೆ ತಕ್ಕದ್ದು. ಹೊಲಿಯುವ ಮುಂಚೆ ಒಂದು ರಾತ್ರಿ ನೀರಿನಲ್ಲಿ ನೆನೆಸಿ ನೆರಳಿನಲ್ಲಿ ಒಣಗಿಸಲೇಬೇಕು. ಹತ್ತಿ ನೂರಕ್ಕೆ ಮೂರರಿಂದ ಐದರಷ್ಟು ಕುಗ್ಗುವುದು ಸಾಮಾನ್ಯ, ಹೊಲಿದ ಮೇಲೆ ಕುಗ್ಗಿದರೆ ತೋಳು ಮೇಲೇರುತ್ತದೆ. ಅಂಗಡಿಯವರು ಹತ್ತಿ ಎಂದದ್ದರ ಮೇಲೆ ಅನುಮಾನ ಬಂದರೆ ಅಂಚಿನಿಂದ ಎರಡು ಎಳೆ ತೆಗೆದು ಸುಟ್ಟು ನೋಡಿ: ಹತ್ತಿಯಾದರೆ ಕಾಗದ ಸುಟ್ಟ ವಾಸನೆ ಬಂದು ಬೂದಿ ಪುಡಿಯಾಗುತ್ತದೆ, ಪಾಲಿಯೆಸ್ಟರ್ ಆದರೆ ಕರಗಿ ಗಟ್ಟಿ ಮಣಿಯಾಗಿ ನಿಲ್ಲುತ್ತದೆ.

ನೀವು ಶಿವಮೊಗ್ಗ ಜಿಲ್ಲೆಯವರಾದ್ದರಿಂದ ಒಂದು ಸಲಹೆ. ಸಾಗರ ತಾಲ್ಲೂಕಿನ ಹೆಗ್ಗೋಡಿನ ಬಳಿ ಭೀಮನಕೋಣೆಯಲ್ಲಿ ರಂಗಕರ್ಮಿ ಪ್ರಸನ್ನ ಅವರು ಕಟ್ಟಿ ಬೆಳೆಸಿದ ಚರಕ ಮಹಿಳಾ ಸಹಕಾರ ಸಂಘವಿದೆ. ಅಲ್ಲಿ ಮಲೆನಾಡಿನ ಹೆಣ್ಣುಮಕ್ಕಳು ಹತ್ತಿಯನ್ನು ಕೈಮಗ್ಗದಲ್ಲಿ ನೇಯ್ದು ನೈಸರ್ಗಿಕ ಬಣ್ಣ ಹಾಕುತ್ತಾರೆ. ಅಡಿಕೆ ಬೇಯಿಸಿದ ನೀರಾದ ಚೊಗರಿನಿಂದ ಬರುವ ಕಂದುಗೆಂಪು ಬಣ್ಣ, ಮೈಸೂರಿನ ಅಕ್ಕನವರು ಹೇಳಿದ ಹೊಳಪಿಲ್ಲದ ಬಣ್ಣಗಳ ಸಾಲಿಗೆ ಸರಿಯಾಗಿ ಸೇರುತ್ತದೆ. ನಿಮ್ಮೂರಿನ ಅಡಿಕೆ ತೋಟದ ಬಣ್ಣವನ್ನೇ ಗೆಳತಿಯರಿಗೆ ಉಡುಗೊರೆ ಕೊಟ್ಟಂತೆಯೂ ಆಗುತ್ತದೆ. ಒಂದು ಎಚ್ಚರಿಕೆ: ಚೊಗರಿನಲ್ಲಿರುವ ಒಗರಿನ ಅಂಶಕ್ಕೆ ಕಬ್ಬಿಣ ತಾಗಿದರೆ ಕಪ್ಪು ಬಣ್ಣ ಹುಟ್ಟುತ್ತದೆ. ಒದ್ದೆ ಬಟ್ಟೆಯಲ್ಲಿ ತುಕ್ಕು ಹಿಡಿದ ಪಿನ್ನು ಉಳಿದರೆ ಅಲ್ಲೊಂದು ಕಪ್ಪು ಚುಕ್ಕೆ ಬೀಳುತ್ತದೆ, ಅದು ಹೋಗುವುದಿಲ್ಲ. ಆದ್ದರಿಂದ ಒಗೆಯುವ ಮುಂಚೆ ಪಿನ್ನುಗಳನ್ನೆಲ್ಲ ತೆಗೆಯಲು ಎಲ್ಲರಿಗೂ ತಿಳಿಸಿ.

ಅಲಂಕಾರ ಬೇಕೆನಿಸಿದರೆ ನಮ್ಮ ಕಡೆಯ ಗುಳೇದಗುಡ್ಡದ ಖಣವನ್ನು ತೋಳಿನ ತುದಿಗೂ ಜೇಬಿನ ಬಾಯಿಗೂ ಪಟ್ಟಿಯಾಗಿ ಇಡಿಸಬಹುದು. ಖಣ ರವಿಕೆಗೆಂದೇ ನೇಯುವ ಬಟ್ಟೆಯಾದ್ದರಿಂದ ಅಗಲ ಕಡಿಮೆ, ಇಡೀ ನಿಲುವಂಗಿಗೆ ಒದಗುವುದಿಲ್ಲ. ಪಟ್ಟಿಗೆ ಮಾತ್ರ ಅದರಷ್ಟು ಚೆಂದ ಬೇರೊಂದಿಲ್ಲ. ಬಣ್ಣ ಬಿಡುತ್ತದೆಯೇ ಎಂದು ಒದ್ದೆ ಬಿಳಿಬಟ್ಟೆಯಿಂದ ಒರೆಸಿ ನೋಡಿಯೇ ಹೊಲಿಸಿ. ಮದುಮಗಳದ್ದು ಬೇರೆಯಾಗಿ ಕಾಣಲು ನಿಮ್ಮ ನಿಲುವಂಗಿಗೆ ಖಣದ ಪಟ್ಟಿಯನ್ನು ಕತ್ತಿನಿಂದ ಅಂಚಿನವರೆಗೂ ಇಳಿಸಿದರೆ ಸಾಕು, ಬಿಳಿ ಬಣ್ಣಕ್ಕೆ ಹೋಗಿ ಹಿರಿಯರಲ್ಲಿ ಚರ್ಚೆ ಎಬ್ಬಿಸುವುದು ಬೇಡ. ಹೆಸರು ಬರೆಸುವ ಆಸೆಯಿದ್ದರೆ ಜೇಬಿನ ಒಳಬದಿಯಲ್ಲಿ ಪ್ರತಿಯೊಬ್ಬಳ ಹೆಸರಿನ ಮೊದಲ ಅಕ್ಷರವನ್ನು ಕನ್ನಡದಲ್ಲೇ ದಾರದಿಂದ ಕಸೂತಿ ಮಾಡಿಸಿ. ಇಸ್ತ್ರಿ ಮಾಡಿ ಅಂಟಿಸುವ ಅಕ್ಷರಗಳು ಕೆಲವು ಒಗೆತಕ್ಕೆ ಸಿಪ್ಪೆ ಏಳುತ್ತವೆ.

ಇನ್ನು, ಈ ಕೆಲಸವನ್ನು ಆಷಾಢದಲ್ಲೇ ಕೊಟ್ಟುಬಿಡಿ. ಮದುವೆಗಳಿಲ್ಲದ ತಿಂಗಳಲ್ಲಿ ಹೊಲಿಯುವವರ ಕೈ ಬಿಡುವಾಗಿರುತ್ತದೆ, ಬಟ್ಟೆ ಅಂಗಡಿಗಳಲ್ಲಿ ರಿಯಾಯಿತಿಯೂ ಇರುತ್ತದೆ. ಶ್ರಾವಣ ಹುಟ್ಟಿತೆಂದರೆ ವರಮಹಾಲಕ್ಷ್ಮಿ, ಗೌರಿ ಹಬ್ಬದ ರವಿಕೆಗಳ ರಾಶಿ ಬೀಳುತ್ತದೆ. ಆಗ ನಿಮ್ಮ ಏಳು ನಿಲುವಂಗಿಗಳು ಮೂಲೆಗೆ ಸೇರುತ್ತವೆ.

ದೂರದ_ಕನ್ನಡತಿ (ನ್ಯೂ ಜೆರ್ಸಿ) ಬರೆದದ್ದು:

ಇಲ್ಲಿ ಅಮೆರಿಕದಲ್ಲಿ ಮದುಮಗಳ ಸಂಗಾತಿಗಳು ಮದುವೆಯಲ್ಲಿ ತೊಡುವ ಗೌನನ್ನು ಸಾಮಾನ್ಯವಾಗಿ ತಮ್ಮ ಹಣದಲ್ಲೇ ಕೊಳ್ಳುತ್ತಾರೆ. ಅದಕ್ಕೆ ಕೃತಜ್ಞತೆಯಾಗಿ ಮದುಮಗಳು ಬೆಳಗಿನ ಹೊತ್ತಿಗೆ ರೋಬನ್ನು ಕೊಡುತ್ತಾಳೆ, ಅಲಂಕಾರವೆಲ್ಲ ಹೋಟೆಲಿನ ಮುಚ್ಚಿದ ಕೋಣೆಯೊಳಗೆ ನಡೆಯುತ್ತದೆ. ಗಿಡ್ಡ ಸ್ಯಾಟಿನ್ ರೋಬು ಆ ಕೋಣೆಗೆ ಸರಿಯೇ. ನಿಮ್ಮ ಛತ್ರದ ಹಜಾರಕ್ಕೆ ಅದು ಬೇಡವೆಂದ ನಿಮ್ಮ ತಾಯಿಯವರ ಮಾತು ನೂರಕ್ಕೆ ನೂರು ನಿಜ. ಒಂದು ವಿಚಾರವನ್ನು ಮಾತ್ರ ಇಲ್ಲಿನ ರೂಢಿಯಿಂದ ತೆಗೆದುಕೊಳ್ಳಿ. ಕೋಣೆಯೊಳಗೆ ಫೋಟೊ ತೆಗೆಯುವ ಮುಂಚೆ, ಯಾವ ಫೋಟೊ ಸಾಮಾಜಿಕ ಜಾಲತಾಣಕ್ಕೆ ಹೋಗಬಹುದು, ಯಾವುದು ಹೋಗಬಾರದು ಎಂದು ಪ್ರತಿಯೊಬ್ಬರನ್ನೂ ಕೇಳಿ ಛಾಯಾಗ್ರಾಹಕರಿಗೆ ತಿಳಿಸುವುದು. ಹಿಜಾಬ್ ತೆಗೆದು ಜಡೆ ಹಾಕಿಸಿಕೊಳ್ಳುತ್ತಿರುವವಳ, ಮಗುವಿಗೆ ಹಾಲೂಡಿಸುತ್ತಿರುವವಳ ಚಿತ್ರ ಅವರ ಅನುಮತಿಯಿಲ್ಲದೆ ಹೊರಗೆ ಹೋಗಬಾರದು. ಛಾಯಾಗ್ರಾಹಕರು ಗಂಡಸರಾಗಿದ್ದರೆ ಆ ಗೆಳತಿಯ ಸರದಿ ಮುಗಿಯುವವರೆಗೂ ಅವರು ಕೋಣೆಯ ಹೊರಗೇ ಇರುವಂತೆ ಏರ್ಪಾಡು ಮಾಡಿ.

ತುಂಗಾತೀರ (ಶಿವಮೊಗ್ಗ) ಬರೆದದ್ದು:

ಇಷ್ಟು ಕಾಳಜಿಯಿಂದ, ಇಷ್ಟು ವಿವರವಾಗಿ ಬರೆದ ನಿಮಗೆಲ್ಲ ಹೃತ್ಪೂರ್ವಕ ವಂದನೆಗಳು. ಅಮ್ಮನಿಗೆ ಎಲ್ಲವನ್ನೂ ಓದಿ ಹೇಳಿದೆ. ಸ್ಯಾಟಿನ್ ವಿಚಾರವನ್ನು ಕೈಬಿಟ್ಟಿದ್ದೇನೆ. ಹತ್ತಿಯ ನಿಲುವಂಗಿ, ಚೊಗರಿನ ಬಣ್ಣ, ಖಣದ ಪಟ್ಟಿ ಎಂದು ನಿಶ್ಚಯಿಸಿದ್ದೇವೆ. ಮುಂದಿನ ವಾರ ಹೆಗ್ಗೋಡಿಗೆ ಹೋಗಿ ಬಟ್ಟೆ ನೋಡಿ ಬರುತ್ತೇವೆ. ಹಾಸನದವರು ಹೇಳಿದ ಮೇಲೆ ಮೇಕಪ್ ಮಾಡುವವರ ಹಣವನ್ನು ನಾನೇ ಕೊಡುವುದೆಂದು ತೀರ್ಮಾನಿಸಿ, ಅದನ್ನು ಗೆಳತಿಯರಿಗೆ ಈಗಲೇ ತಿಳಿಸಿದ್ದೇನೆ. ಒಂದು ಸಂದೇಹ ಉಳಿದಿದೆ. ಕಳಸಗಿತ್ತಿಯಾಗುವ ನನ್ನ ತಂಗಿ ಇನ್ನೂ ಬೆಳೆಯುವ ವಯಸ್ಸಿನವಳು. ಆಷಾಢದಲ್ಲಿ ಹೊಲಿಸಿದ್ದು ಕಾರ್ತಿಕಕ್ಕೆ ಗಿಡ್ಡವಾದರೆ ಏನು ಮಾಡುವುದು?

ದಾರ_ಕತ್ತರಿ (ಧಾರವಾಡ) ಬರೆದದ್ದು:

ಅವಳ ನಿಲುವಂಗಿಯ ಅಂಚನ್ನು ಮೂರು ಅಂಗುಲ ಒಳಗೆ ಮಡಿಸಿ, ಕೈಹೊಲಿಗೆಯಲ್ಲಿ ಸಡಿಲವಾಗಿ ಹಾಕಿಸಿ. ತೋಳಿನ ತುದಿಗೂ ಪಕ್ಕದ ಹೊಲಿಗೆಗಳಿಗೂ ಒಂದೊಂದು ಅಂಗುಲ ಬಟ್ಟೆ ಒಳಗೆ ಬಿಡಿಸಿ. ಖಣದ ಪಟ್ಟಿಯನ್ನು ಅವಳದಕ್ಕೆ ಮಾತ್ರ ಕೊನೆಗೆ, ಮದುವೆಗೆ ಎರಡು ವಾರ ಇರುವಾಗ ಹೊಲಿಸಿ. ಆಗ ಅಂಚು ಬಿಚ್ಚಿ ಉದ್ದ ಮಾಡಬೇಕಾಗಿ ಬಂದರೂ ಪಟ್ಟಿ ಕೆಡುವುದಿಲ್ಲ. ಹೆಗ್ಗೋಡಿನಿಂದ ಬಟ್ಟೆ ತರುವಾಗ 25ರ ಬದಲು 26 ಮೀಟರ್ ತನ್ನಿ; ಉಳಿದ ತುಂಡಿನಲ್ಲಿ ನಿಮ್ಮ ಗೆಳತಿಯ ಕೂಸಿಗೆ ಒಂದು ಜಬಲಾ ಹೊಲಿಸಬಹುದು.